ಪರದೆಯ ಹಿಂದೆ ಕೂತವರ ಸಾಕ್ಷಿ

ಹೋದ ತಿಂಗಳು ಆದೋನಿಗೆ ಮೊಮ್ಮಗಳ ಮನೆಗೆ ಹೋಗಿದ್ದೆ. ಅವಳು ಎಮ್ಮಿಗನೂರಿನ ದಪ್ಪ ನೂಲಿನ ಹೊದಿಕೆಗಳನ್ನು ಹೊಸದಾಗಿ ತಂದು, ನೀರಿನಲ್ಲಿ ಅದ್ದಿ ತೆಗೆದು, ಮಾಳಿಗೆಯ ಮೇಲೆ ಹಗ್ಗಕ್ಕೆ ಹಾಕಿದ್ದಳು. ಗಂಜಿ ಬಿಟ್ಟುಕೊಂಡ ಹಸಿ ಬಟ್ಟೆಯ ವಾಸನೆ ಮೂಗಿಗೆ ಬಡಿದದ್ದೇ ತಡ, ನನಗೆ ಸಿಟ್ಟು ಬಂತು. ಹಳೆಯ ವಾಸನೆ ಬಂದರೆ ಮುದುಕಿಯರ ಕಣ್ಣಲ್ಲಿ ನೀರು ಬರುತ್ತದಂತೆ. ನನಗೆ ಬರುವುದು ಸಿಟ್ಟು. ಯಾಕಜ್ಜಿ ಮುಖ ಗಂಟು ಹಾಕಿಕೊಂಡೆ ಎಂದು ಮೊಮ್ಮಗಳು ಕೇಳಿದಳು. ಸಿನಿಮಾದ ವಾಸನೆ ಬಂತು ಅಂದೆ. ಸಿನಿಮಾಕ್ಕೆಲ್ಲಿಯ ವಾಸನೆ ಎಂದು ನಕ್ಕಳು. ಮನೆಯೊಳಗೆ ಟಿವಿ ಇಟ್ಟುಕೊಂಡು ಕಾಲು ಚಾಚಿ ನೋಡುವವರಿಗೆ ಇದು ಗೊತ್ತಿರುವುದಿಲ್ಲ. ನಾನು ಶಾಲೆಯ ಮುಖ ಎರಡು ವರ್ಷ ನೋಡಿದವಳು, ಅಕ್ಷರ ದುಂಡಗೆ ಬರುವುದಿಲ್ಲ. ಆದರೂ ಇದನ್ನು ಬರೆದಿಡದೆ ಸಾಯುವ ಮನಸ್ಸಿಲ್ಲ.

ಯುದ್ಧ ಶುರುವಾದ ವರ್ಷ ಅದು. ಆಗ ಆದೋನಿ ಬಳ್ಳಾರಿ ಜಿಲ್ಲೆಗೆ ಸೇರಿತ್ತು. ನಮ್ಮ ಮೇಲೆ ಮದ್ರಾಸಿನವರು, ಅವರ ಮೇಲೆ ಇಂಗ್ಲಿಷರು. ನಮ್ಮದು ಹೊಳಗುಂದದ ಹತ್ತಿರದ ಹಳ್ಳಿ. ಅಪ್ಪ ನನಗೆ ನೆನಪು ಬಲಿಯುವ ಮೊದಲೇ ಹೋಗಿದ್ದ. ದೀಪಾವಳಿ ಆಯಿತೆಂದರೆ ಅವ್ವ ನನ್ನನ್ನು ಕರೆದುಕೊಂಡು ಆದೋನಿಗೆ ಬರುವಳು. ಸಾಹುಕಾರ ಬಸಪ್ಪನವರ ಜಿನ್ನಿನಲ್ಲಿ, ಅಂದರೆ ಹತ್ತಿಯಿಂದ ಕಾಳು ಬಿಡಿಸುವ ಕಾರ್ಖಾನೆಯಲ್ಲಿ, ಯುಗಾದಿಯವರೆಗೆ ಕೂಲಿ. ಅವ್ವನ ಹೆಸರು ಈರಮ್ಮ. ಮಷಿನಿಗೆ ಹತ್ತಿ ಉಣಿಸುವುದು ಆಕೆಯ ಕೆಲಸ. ಅರಳೆಯಲ್ಲಿ ಸಿಕ್ಕಿಕೊಂಡ ಎಲೆಚೂರು, ಕಸ ಆರಿಸುವುದು ನಮ್ಮಂಥ ಹುಡುಗಿಯರ ಕೆಲಸ. ಮೂಗಿಗೆ ಸೆರಗು ಕಟ್ಟಿಕೊಂಡರೂ ಸಂಜೆಗೆ ಉಗುಳಿದರೆ ನೂಲು ಬರುತ್ತಿತ್ತು.

ಆ ವರ್ಷ ನಾವು ಬರುವ ಹೊತ್ತಿಗೆ ಜಿನ್ನಿನ ಹಿಂದಿನ ಮನೆಯಲ್ಲಿ ಬಿಳಿ ಹೆಂಗಸೊಬ್ಬಳು ಒಂಟಿಯಾಗಿದ್ದಳು. ಹೆಸರು ರೂತ್. ನಮ್ಮ ಬಾಯಲ್ಲಿ ರೂತಮ್ಮ ಆಯಿತು. ಆಕೆಯ ಗಂಡ ಜಿನ್ನಿನ ಇಂಜಿನ್ ನೋಡಿಕೊಳ್ಳುತ್ತಿದ್ದ ಜರ್ಮನಿಯ ಮೇಸ್ತ್ರಿ. ಜರ್ಮನಿಗೂ ಇಂಗ್ಲಿಷರಿಗೂ ಯುದ್ಧ ಎಂದು ಸುದ್ದಿ ಬಂದ ವಾರವೇ ಪೊಲೀಸರು ಬಂದು, ಕೈಯಲ್ಲಿದ್ದ ಎಣ್ಣೆ ಒರೆಸಿಕೊಳ್ಳಲೂ ಬಿಡದೆ ಅವನನ್ನು ರೈಲಿಗೆ ಹತ್ತಿಸಿದ್ದರು. ರೂತಮ್ಮನಿಗೆ ಊರು ಬಿಡಬಾರದು, ದೀಪ ಹಚ್ಚಿದ ಮೇಲೆ ಹೊಸ್ತಿಲು ದಾಟಬಾರದು ಎಂಬ ಕಟ್ಟಳೆ.

ಮನೆಯಲ್ಲಿ ಒಬ್ಬಳೇ ಕೂತು ಬೇಜಾರಾಗಿ ಹಗಲು ನಮ್ಮ ಅರಳೆರಾಶಿಗೆ ಬರುತ್ತಿದ್ದಳು. ಮೊದಲು ನಾವು ಸರಿದು ಕೂತೆವು. ಆಕೆ ನಮ್ಮ ಹಾಗೆಯೇ ನೆಲದ ಮೇಲೆ ಕುಕ್ಕರಿಸಿ ಕಸ ಆರಿಸತೊಡಗಿದ ಮೇಲೆ ಸರಿಯುವುದು ಬಿಟ್ಟೆವು. ಅಡುಗೆಯವಳಿಂದ ತೆಲುಗು ಕಲಿತಿದ್ದಳು, ನಮ್ಮಿಂದ ಕನ್ನಡ ಎತ್ತಿಕೊಂಡಳು, ಎರಡನ್ನೂ ಕಲಸಿ ಮಾತಾಡುವಳು. ನಾವೂ ಹಾಗೇ ಮಾತಾಡುವವರಾದ್ದರಿಂದ ತೊಂದರೆ ಆಗಲಿಲ್ಲ. ಎಡಗಡೆ ಹುಬ್ಬಿನ ನಡುವೆ ಕೂದಲು ಬೆಳೆಯದ ಒಂದು ಗಾಯದ ಗೆರೆ. ಸಣ್ಣವಳಿದ್ದಾಗ ನಾಟಕದ ಅಟ್ಟದಿಂದ ಬಿದ್ದದ್ದಂತೆ.

ನಾಟಕದ ಅಟ್ಟದ ಮೇಲೆ ನಿನಗೇನು ಕೆಲಸ ಎಂದು ಅವ್ವ ಕೇಳಿದಾಗಲೇ ಆಕೆಯ ಕತೆ ಹೊರಬಂದದ್ದು. ಆಕೆಯ ತಾಯಿ ನಾಟಕದವರಿಗೆ ಬಟ್ಟೆ ಹೊಲಿಯುವವಳು. ಮಗು ಬೇಕಾದ ಆಟಕ್ಕೆ ಈಕೆಯನ್ನೇ ಎತ್ತಿ ನಿಲ್ಲಿಸುತ್ತಿದ್ದರಂತೆ. ಬೆಳೆದ ಮೇಲೆ ಸಿನಿಮಾ. ಮೊದಮೊದಲು ತಟ್ಟೆ ಹಿಡಿದು ಬರುವ ಕೆಲಸದವಳು, ಆಮೇಲೆ ನಾಯಕಿಯ ಗೆಳತಿ, ಆಮೇಲೆ ತಾನೇ ನಾಯಕಿ. ಮಾತಿಲ್ಲದ ಸಿನಿಮಾಗಳ ಕಾಲ ಅದು. ಮಾತಿನ ಸಿನಿಮಾ ಬಂದಾಗ ಎಷ್ಟೋ ನಟಿಯರು ದನಿ ಸರಿಯಿಲ್ಲವೆಂದು ಮನೆಗೆ ಹೋದರು. ಈಕೆಯ ದನಿ ಚೆನ್ನಾಗಿತ್ತು, ಉಳಿದಳು. ದಾರಿಯಲ್ಲಿ ಜನ ಗುರುತು ಹಿಡಿದು ಟೋಪಿ ತೆಗೆಯುತ್ತಿದ್ದರಂತೆ. ಅಷ್ಟರಲ್ಲಿ ಜರ್ಮನಿಯ ಸರ್ಕಾರ ಬದಲಾಯಿತು. ಈಕೆ ಯೆಹೂದಿ ಮತದವಳು. ನಿಮ್ಮ ಮತದವರು ಯಾರೂ ಸಿನಿಮಾದಲ್ಲಿ ಇರಬಾರದು ಅಂದರು. ದಿನಾ ಸಲಾಮು ಹೊಡೆಯುತ್ತಿದ್ದ ಗೇಟಿನವನೇ ಒಂದು ಬೆಳಿಗ್ಗೆ ಅಡ್ಡ ನಿಂತನಂತೆ. ಈಕೆ ಆಡಿದ ಕೊನೆಯ ಸಿನಿಮಾ ಊರೂರಲ್ಲಿ ಓಡಿತು, ಶುರುವಿನಲ್ಲಿ ಬರುವ ಹೆಸರುಗಳಲ್ಲಿ ಈಕೆಯದು ಮಾತ್ರ ಇರಲಿಲ್ಲ. ದುಡಿತ ಬೇಕು, ದುಡಿದವಳು ಬೇಡ. ಹೆಂಡತಿಯನ್ನು ಬಿಟ್ಟರೆ ಕೆಲಸ ಉಳಿಯುತ್ತದೆ ಎಂದು ಗಂಡನಿಗೂ ಹೇಳಿದರಂತೆ. ಅವನು ಕೆಲಸ ಬಿಟ್ಟ, ದೇಶ ಬಿಟ್ಟ. ಬೊಂಬಾಯಿಗೆ ಬಂದ ಮೇಲೆ ಈಕೆ ಇಲ್ಲಿಯ ಸಿನಿಮಾದಲ್ಲೂ ಒಮ್ಮೆ ಆಡಿದಳು. ಕುಡಿದು ಆಳುಗಳಿಗೆ ಚಾಟಿ ಬೀಸುವ ದೊರೆಸಾನಿಯ ಪಾತ್ರ. ಇನ್ನೊಂದಕ್ಕೂ ಅಂಥದ್ದೇ ಪಾತ್ರ ತಂದರು. ಬೇಡವೆಂದು ಗಂಡನ ಹಿಂದೆ ಆದೋನಿಗೆ ಬಂದಳು.

ಕಣ್ಣೀರು ಬೇಕೆಂದಾಗ ಹೇಗೆ ತರಿಸಿಕೊಳ್ಳುವುದೆಂದು ಅರಳೆ ಆರಿಸುತ್ತ ಆಕೆ ನಮಗೆ ತೋರಿಸುವಳು. ಅವ್ವ ನೋಡಿ ನೋಡಿ, "ಅಳಾಕೂ ಪಗಾರ ಕೊಡ್ತಾರೇನಬೇ ನಿಮ್ಮೂರಾಗ? ನಾವು ಹುಟ್ಟಿದಾಗಿಂದ ಪುಗಸಟ್ಟೆ ಅತ್ತೀವಿ," ಅಂದಳು. ರೂತಮ್ಮ ಅರಳೆಯಲ್ಲಿ ಬಿದ್ದು ನಕ್ಕಳು.

ಸಂಕ್ರಾಂತಿಗೆ ಸಿನಿಮಾ ಡೇರೆ ಬಂತು. ದೊಡ್ಡ ಊರುಗಳಲ್ಲಿ ಮಾತಿನ ಸಿನಿಮಾ ಬಂದು ವರ್ಷಗಳಾಗಿದ್ದರೂ ಈ ಡೇರೆಯವನ ಹತ್ತಿರ ಸವೆದ ಮೂಕಿ ರೀಲುಗಳೇ. ಸಾಹುಕಾರರು ಜಿನ್ನಿನ ಪಕ್ಕದ ಬಯಲನ್ನು ಕೊಟ್ಟರು. ಪರದೆಯನ್ನು ಎಲ್ಲಿ ಕಟ್ಟಬೇಕು, ಯಾರು ಎಲ್ಲಿ ಕೂರಬೇಕು ಎಂದು ನಿಂತು ಹೇಳಿದವರೂ ಅವರೇ. ಪರದೆಯ ಮುಂದೆ ಗಂಡಸರು. ಪರದೆಯ ಹಿಂದೆ ಹೆಂಗಸರು. ಗಂಡಸರ ಕಣ್ಣು ಹೆಂಗಸರ ಮೇಲೆ ಬೀಳಬಾರದೆಂದು ಆ ಏರ್ಪಾಡು. ಆಟಕ್ಕೆ ಮುಂಚೆ ಇಬ್ಬರು ಆಳುಗಳು ಕೊಡದಲ್ಲಿ ನೀರು ತಂದು ಎಮ್ಮಿಗನೂರಿನ ಆ ದಪ್ಪ ಬಟ್ಟೆಗೆ ಎರಚುತ್ತಿದ್ದರು. ಒದ್ದೆಯಾದರೆ ಬೆಳಕು ದಾಟಿ ಹಿಂದೆ ಕೂತವರಿಗೂ ಬೊಂಬೆ ಕಾಣುತ್ತದೆ. ಹಾಗೆ ನೀರು ಕುಡಿದ ಬಟ್ಟೆಯ ವಾಸನೆಯೇ ನನಗೆ ಸಿನಿಮಾದ ವಾಸನೆ. ಮುಂದುಗಡೆ ಒಬ್ಬ ಕೋಲು ಹಿಡಿದು ನಿಂತು ತೆಲುಗು, ಉರ್ದು, ಕನ್ನಡ ಮೂರರಲ್ಲೂ ಕತೆ ಕೂಗುತ್ತಿದ್ದ. ಅವನ ಅರ್ಧ ಮಾತು ನಮಗೆ ತಲುಪುತ್ತಿರಲಿಲ್ಲ.

ರೈಲುಗೇಟು ಕಾಯುವ ಮುದುಕನ ಮಗಳ ಕತೆ ಅದು. ಮೊದಲ ಸಂಜೆ ಆ ಮಗಳು ಮನೆಯೊಳಗಿಂದ ಹೊರಬಂದು ಲಾಟೀನು ಎತ್ತಿ ಹಿಡಿದದ್ದೇ, ಹೆಂಗಸರ ಕಡೆ ಗುಲ್ಲೆದ್ದಿತು. ಅದು ನಮ್ಮ ರೂತಮ್ಮ. ಈಗಿನದಕ್ಕಿಂತ ಎಳೆಯ ಮುಖ, ಆದರೆ ಅದೇ ಮೂಗು, ಅದೇ ನಡಿಗೆ, ಹುಬ್ಬಿನಲ್ಲಿ ಅದೇ ಗೆರೆ. ಜಡ್ಡಾದ ತಂದೆಗೆ ಆಕೆ ಗಂಜಿ ಕುಡಿಸುವಾಗ ಕಲ್ಲಿನಂಥ ಹೆಂಗಸರೂ ಮೂಗು ಒರೆಸಿಕೊಂಡರು. ಆದರೆ ಒಂದು ಸಂಗತಿಗೆ ಎಲ್ಲರೂ ಮುಖ ಹಿಂಡಿದರು. ಆಕೆ ಗಂಜಿ ಕುಡಿಸಿದ್ದು ಎಡಗೈಯಲ್ಲಿ. ತಂದೆಗೆ, ಅದೂ ಸಾಯುವವನಿಗೆ, ಎಡಗೈ. ಇನ್ನೂ ನೋಡಿದರೆ ಅಲ್ಲಿ ಎಲ್ಲರೂ ಎಡಗೈಯಲ್ಲೇ ಉಣ್ಣುತ್ತಿದ್ದರು, ಎಡಗೈಯಲ್ಲೇ ಸಲಾಮು ಹೊಡೆಯುತ್ತಿದ್ದರು. ಬಿಳಿಯರ ದೇಶದಲ್ಲಿ ಎಲ್ಲರೂ ಎಡಗೈಯವರೇ ಎಂದು ನಾವು ತೀರ್ಮಾನ ಮಾಡಿದೆವು. ರೂತಮ್ಮ ನಮ್ಮೆದುರಿಗೆ ಬಲಗೈಯಲ್ಲಿ ಉಣ್ಣುವುದು, ನಮ್ಮ ನಡುವೆ ಇದ್ದು ಕಲಿತದ್ದು ಎಂದೂ ಅಂದುಕೊಂಡೆವು. ಹುಬ್ಬಿನ ಗೆರೆ ಆ ಕಡೆಯದು ಈ ಕಡೆ ಇದೆಯಲ್ಲ ಎಂದು ಯಾರೋ ಅಂದರು. ಬಣ್ಣ ಬಳಿಯುವವರು ಏನು ಬೇಕಾದರೂ ಮಾಡುತ್ತಾರೆ ಎಂದು ಇನ್ಯಾರೋ ಬಾಯಿ ಮುಚ್ಚಿಸಿದರು. ಪರದೆಯ ಮುಂದೆ ಹೋಗಿ ನೋಡಿದವಳು ನಮ್ಮಲ್ಲಿ ಒಬ್ಬಳಾದರೂ ಇದ್ದರೆ ತಾನೇ?

ರೂತಮ್ಮನಿಗೆ ಆ ಸಿನಿಮಾ ನೋಡಲು ಆಗಲಿಲ್ಲ. ದೀಪ ಹಚ್ಚುವ ಹೊತ್ತಿಗೆ ಆಟ, ದೀಪ ಹಚ್ಚಿದರೆ ಆಕೆ ಮನೆಯೊಳಗೆ. ಗೋಡೆಯ ಆಚೆ, ಪರದೆಯ ಮೇಲಿನ ತನ್ನನ್ನು ನೋಡಿ ಗಂಡಸರು ಸೀಟಿ ಹೊಡೆಯುವುದನ್ನು ಕೇಳುತ್ತ ಕೂತಿರುತ್ತಿದ್ದಳು. ಮರುದಿನ ಅರಳೆರಾಶಿಗೆ ಬಂದು, ಹೇಗೆ ಆಡಿದ್ದೇನೆ ಹೇಳಿ ಎಂದು ಒಬ್ಬೊಬ್ಬರನ್ನೇ ಕೇಳಿದಳು. ಗೌಡನಿಗೂ ಮುಖದ ಮೇಲೆ ಹೇಳುವ ನನ್ನ ಅವ್ವ ಆ ಒಂದು ದಿನ ನಾಲಿಗೆ ಕಚ್ಚಿಕೊಂಡಳು. ಚೆನ್ನಾಗಿ ಆಡಿದ್ದೀ, ನಾವೆಲ್ಲ ಅತ್ತೆವು ಅಂದಳು. ಎಡಗೈಯ ಮಾತು ಎತ್ತಲಿಲ್ಲ. ಗಂಡನನ್ನು ಕಳೆದುಕೊಂಡು ಕೂತವಳಿಗೆ ಅದೊಂದು ಕೊಂಕು ಯಾಕೆ ಎಂದು ಉಳಿದವರೂ ಎತ್ತಲಿಲ್ಲ. ಒಬ್ಬಳು ಬಾಯಿಬಡುಕಿ ಆ ದಿನ ಛೀ ಎಂದಿದ್ದರೆ ಮುಂದಿನದು ಏನೂ ಆಗುತ್ತಿರಲಿಲ್ಲ.

ರೂತಮ್ಮ ಬೇರೆಯೇ ಲೆಕ್ಕ ಹಾಕಿದ್ದಳು. ಜರ್ಮನಿಯ ಸರ್ಕಾರವೇ ಓಡಿಸಿದವರು ಎಂದು ಗೊತ್ತಾದರೆ ಇಂಗ್ಲಿಷರು ಬಿಡುತ್ತಾರಂತೆ. ತಾನು ಸಿನಿಮಾದಿಂದ ಹೊರಗೆ ಹಾಕಿಸಿಕೊಂಡ ಆ ನಟಿಯೇ ಎಂದು ತೋರಿಸಿದರೆ ತಾನೂ ಇಲ್ಲಿರಬಹುದು, ಗಂಡನೂ ತಿರುಗಿ ಬರುತ್ತಾನೆ. ಆದರೆ ಕಾಗದಗಳಲ್ಲಿದ್ದದ್ದು ಮದುವೆಯ ಹೆಸರು, ಸಿನಿಮಾದ ಹೆಸರು ಬೇರೆ. ಫೋಟೋಗಳನ್ನು ಹೊರಡುವಾಗಲೇ ಕಿತ್ತುಕೊಂಡಿದ್ದರು. ಈಗ ಸಿನಿಮಾವೇ ಮನೆಬಾಗಿಲಿಗೆ ಬಂದಿದೆ. ಪೊಲೀಸರು ಬಂದು ನೋಡುವವರೆಗೆ ಡೇರೆಯನ್ನು ನಿಲ್ಲಿಸಿಕೊಳ್ಳಿ ಎಂದು ಸಾಹುಕಾರರಿಗೆ ಕೈ ಮುಗಿದಳು. ಸಾಹುಕಾರರು ನೋಡೋಣ ಅಂದರು. ನೋಡುತ್ತ ನೋಡುತ್ತಲೇ ಡೇರೆಯವನು ಗಂಟು ಕಟ್ಟಿ ತುಂಗಭದ್ರೆ ದಾಟಿ ನಿಜಾಮರ ಸೀಮೆಗೆ ಹೋಗಿಬಿಟ್ಟ. ಅಲ್ಲಿಂದ ಅವನನ್ನು ಕರೆಸುವ ಅಧಿಕಾರ ಇಲ್ಲಿಯವರಿಗೆ ಇರಲಿಲ್ಲ.

ಶಿವರಾತ್ರಿ ಮುಗಿದ ಮೇಲೆ, ರೂತಮ್ಮ ಹೇಳಿದ್ದು ನಿಜವೇ ಎಂದು ವಿಚಾರಿಸಲು ಸಬ್‌ಇನ್‌ಸ್ಪೆಕ್ಟರು ಬಂದ. ಸಮುದ್ರದ ಕಡೆಯ ತೆಲುಗಿನವನು, ಈ ಸೀಮೆಗೆ ಹೊಸಬ. ಜಿನ್ನಿನ ಆಫೀಸಿನಲ್ಲಿ ಕುರ್ಚಿ ಹಾಕಿಸಿಕೊಂಡು ಕೂತ. ಪಕ್ಕದಲ್ಲಿ ಸಾಹುಕಾರರು, ಹಣೆತುಂಬ ವಿಭೂತಿ. ಹೇಳಿಕೊಟ್ಟಾಳೆಂದು ರೂತಮ್ಮನನ್ನು ದೂರದ ಕಟ್ಟೆಯ ಮೇಲೆ ಕೂರಿಸಿದರು. ಸಿನಿಮಾ ನೋಡಿದ್ದೀರಾ ಎಂದು ಅವನು ಮೊದಲು ಸಾಹುಕಾರರನ್ನು ಕೇಳಿದ. ಅವರು ಎರಡೂ ಕಿವಿ ಮುಟ್ಟಿಕೊಂಡರು. "ಶಿವ ಶಿವ. ಪರಹೆಂಗಸರು ಕುಣಿಯೋದನ್ನ ನಾ ನೋಡೋದಿಲ್ರಿ. ಜಾಗ ಕೊಟ್ಟೀನಿ, ಅಷ್ಟ."

ಬಾಗಿಲಲ್ಲಿ ನಿಂತಿದ್ದ ಅವ್ವ ಸುಮ್ಮನಿರಲಿಲ್ಲ. "ಸಾವ್ಕಾರ್ರು ದಿನಾ ಮುಂದ ಕುರ್ಚಿ ಹಾಕ್ಕೊಂಡು ಕುಂತಿದ್ರಲ್ರಿ. ನಮ್ಮ ಓಣಿ ಗಂಡಸರೆಲ್ಲ ಕಂಡಾರ."

ಗುಮಾಸ್ತ ಅವ್ವನನ್ನು ಗದರಿದ. ಸಾಹುಕಾರರ ಮುಖ ಕೆಂಪಾಗಲೂ ಇಲ್ಲ. "ಕುಂತಿದ್ದೆ. ಗಲಾಟಿ ಆಗಬಾರದಂತ ಕುಂತಿದ್ದೆ. ಕಣ್ಣು ಮುಚ್ಚಿ ಜಪ ಮಾಡ್ತಿದ್ದೆ," ಅಂದರು. ಮುಂದೆ ಕೂತು ನೋಡಿದ ಊರಿನ ಉಳಿದ ಮರ್ಯಾದಸ್ಥರೂ ಅಂದು ಹೀಗೇ ಜಪ ಮಾಡಿದವರೇ. ಸೀಟಿ ಹೊಡೆದವರು ಯಾರೋ ಶಿವನೇ ಬಲ್ಲ.

ಸಾಹುಕಾರರು ನೋಡಿಲ್ಲ ಅಂದ ಮೇಲೆ ಅವರ ಕೂಲಿಯ ಗಂಡಸರೂ ನೋಡಿಲ್ಲ ಅಂದರು. ಉಳಿದದ್ದು ಹೆಂಗಸರು. ಸಬ್‌ಇನ್‌ಸ್ಪೆಕ್ಟರು ರಣಮಂಡಲ ಬೆಟ್ಟದ ಹನುಮಪ್ಪನ ಆಣೆ ಇಡಿಸಿ, ನಮ್ಮನ್ನು ಒಬ್ಬೊಬ್ಬರಾಗಿ ಒಳಗೆ ಕರೆದ. ಅವ್ವನ ಹಿಂದೆ ನಾನೂ ನುಸುಳಿದೆ. ಮುಖ ರೂತಮ್ಮನದೇ ಎಂದು ಅವ್ವ ಹೇಳಿದಳು. ನಿಮಗೆ ಬಿಳಿಯರ ಮುಖವೆಲ್ಲ ಒಂದೇ, ಗುರುತು ಹೇಳು ಅಂದ. ಹುಬ್ಬಿನಲ್ಲಿ ಗೆರೆ ಅಂದಳು. "ಏ ಕನುಬೊಮ್ಮ?" ಯಾವ ಹುಬ್ಬು ಎಂದು ಕೇಳಿದ. ಅವ್ವ ಕಣ್ಣು ಮುಚ್ಚಿ, ನೆನೆಸಿಕೊಂಡು, ಬಲದ್ದು ಅಂದಳು. ಅವನು ಬಾಗಿಲಿನಿಂದ ರೂತಮ್ಮನ ಕಡೆ ನೋಡಿದ. ಗೆರೆ ಇದ್ದದ್ದು ಎಡ ಹುಬ್ಬಿನಲ್ಲಿ. ಸಿನಿಮಾದವಳು ಮಾಡಿದ್ದನ್ನೆಲ್ಲ ಹೇಳಿಸಿ, ತಂದೆಗೆ ಗಂಜಿ ಕುಡಿಸಿದ್ದು ಯಾವ ಕೈಯಲ್ಲಿ ಎಂದು ಕೇಳಿದ. ಅವ್ವನಿಗೆ ಗೆಳತಿಯ ಮಾನ ಒಂದು ಕಡೆ, ಹನುಮಪ್ಪನ ಆಣೆ ಒಂದು ಕಡೆ.

"ಎಡಗೈರಿ," ಅಂದಳು ಕೊನೆಗೆ. "ಇಲ್ಲಿಗೆ ಬಂದ ಮ್ಯಾಲೆ ಬಲಗೈ ಕಲಿತಾಳ್ರಿ. ಭಾಳ ಚೊಲೋ ಹೆಂಗಸು."

ಅವನು ನಕ್ಕ. ರೂತಮ್ಮನನ್ನು ಕರೆಸಿ ಲೇಖಣಿ ಕೊಟ್ಟು ಹೆಸರು ಬರೆ ಅಂದ. ಆಕೆ ಬಲಗೈಯಲ್ಲಿ ಸರಸರನೆ ಬರೆದಳು. ಹುಟ್ಟಿದಾಗಿನಿಂದ ಆ ಕೈಯಲ್ಲೇ ಬರೆದವಳೆಂದು ಕುರುಡನಿಗೂ ತಿಳಿಯುವಂತಿತ್ತು. ಅವ್ವನ ನಂತರ ಹೋದ ಪ್ರತಿ ಹೆಂಗಸೂ ಅದೇ ಹೇಳಿದಳು. ಬಲ ಹುಬ್ಬು, ಎಡಗೈ. ಒಬ್ಬಳೂ ತಪ್ಪಲಿಲ್ಲ. ಒಬ್ಬಳು ಹೇಳಿದ್ದರೆ ಮರೆವು ಅನ್ನಬಹುದಿತ್ತು, ಎಲ್ಲರೂ ಹೇಳಿದ ಮೇಲೆ ಅದು ಖಚಿತ, ಆ ಸಿನಿಮಾದವಳು ಬೇರೆ, ಇವಳು ಬೇರೆ ಎಂದು ಅವನು ಬರೆದುಕೊಂಡ. ಸಾಹುಕಾರರು ಪಕ್ಕದಲ್ಲಿ ರುದ್ರಾಕ್ಷಿ ತಿರುಗಿಸುತ್ತ ಎಲ್ಲವನ್ನೂ ಕೇಳುತ್ತಿದ್ದರು.

ಅವನ ಕುದುರೆಗಾಡಿ ಹೋದ ಮೇಲೆ ರೂತಮ್ಮ ನಮ್ಮ ಕಡೆ ಬಂದಳು. ಸಿಟ್ಟಿಗಿಂತ ಹೆಚ್ಚಾಗಿ ಆಕೆಗೆ ಅರ್ಥವೇ ಆಗಿರಲಿಲ್ಲ.

"ಈರಮ್ಮ, ಎಡಗೈ ಯಾಕ ಅಂದಿ?"

"ಕಂಡದ್ದು ಅಂದೆ."

"ನೀ ಎಲ್ಲಿ ಕುಂತಿದ್ದಿ?"

"ಪರದಿ ಹಿಂದ. ಹೆಂಗಸರು ಮತ್ತೆಲ್ಲಿ ಕುಂದ್ರತಾರ?"

ರೂತಮ್ಮ ಅವ್ವನ ತಲೆಯ ಮೇಲಿದ್ದ ಬಟ್ಟೆಯನ್ನು ಎಳೆದುಕೊಂಡು, ಹೂಜಿಯ ನೀರು ಸುರಿದು, ಒಲೆಯ ಇದ್ದಿಲಿನಿಂದ ಅದರ ಮೇಲೆ ಒಂದು ಹೆಂಗಸಿನ ಚಿತ್ರ ಗೀಚಿದಳು. ಕೈಯಲ್ಲಿ ಒಂದು ಸೌಟು. ಬಿಸಿಲಿಗೆ ಅಡ್ಡ ಹಿಡಿದು ನನ್ನನ್ನು ಬಟ್ಟೆಯ ಹಿಂದೆ ನಿಲ್ಲಿಸಿದಳು, ಅವ್ವನನ್ನು ಮುಂದೆ. ಸೌಟು ಯಾವ ಕೈಯಲ್ಲಿದೆ ಎಂದು ಕೇಳಿದಳು. ಅವ್ವ ಬಲ ಅಂದಳು. ನಾನು ಎಡ ಅಂದೆ. ಇಬ್ಬರನ್ನೂ ಅದಲುಬದಲು ಮಾಡಿದಳು. ಈಗ ಅವ್ವನ ಬಾಯಿಂದ ಎಡ ಎಂದು ಬಂತು.

ಅವ್ವ ಆ ಒದ್ದೆ ಬಟ್ಟೆಯನ್ನು ಹಿಡಿದುಕೊಂಡೇ ಆಫೀಸಿಗೆ ನುಗ್ಗಿದಳು. ನಾನು ಹಿಂದೆ ಹಿಂದೆ. ಗುಮಾಸ್ತ ಅಡ್ಡ ಬಂದದ್ದನ್ನು ಆಕೆ ನೋಡಲೂ ಇಲ್ಲ. ಬಟ್ಟೆ ಹಿಡಿದು ತೋರಿಸಿ, ನಮಗೆ ಉಲ್ಟಾ ಕಂಡಿದೆ, ಇನ್‌ಸ್ಪೆಕ್ಟರಿಗೆ ಹೇಳಿ, ನೀವು ಮುಂದೆ ಕೂತವರು, ನಿಮಗೆ ಸರಿಯಾಗಿ ಕಂಡಿದೆ ಅಂದಳು. ಸಾಹುಕಾರರು ಬಟ್ಟೆಯನ್ನು ನೋಡಲಿಲ್ಲ. ತಗ್ಗಿದ ದನಿಯಲ್ಲಿ, ಬುದ್ಧಿ ಹೇಳುವವರ ಹಾಗೆ ಹೇಳಿದರು.

"ನಂಗೊತ್ತಿಲ್ಲೇನು? ಪರದಿ ಕಟ್ಟಿಸಿದಾವ ನಾನ. ಅವರು ಕೇಳಿದ್ದು ನಿಮ್ಮನ್ನ, ಈರಮ್ಮ. ನನ್ನನ್ನಲ್ಲ. ಜರ್ಮನಿಯಾಕಿ ಪರ ಮಾತಾಡಿ ನಾ ಸರ್ಕಾರದ ಕಣ್ಣಾಗ ಬೀಳಲೇನು?"

ಇಷ್ಟು ವರ್ಷ ಆದರೂ ಈ ಮಾತು ನನಗೆ ಅರಗಿಲ್ಲ. ನಮ್ಮನ್ನು ಹಿಂದೆ ಕೂರಿಸಿದವರು ಅವರು. ನಮಗೆ ಹೇಗೆ ಕಾಣುತ್ತದೆಂದು ಬಲ್ಲವರೂ ಅವರು. ನಾವು ಆಣೆ ಇಟ್ಟು ಕಂಡದ್ದನ್ನು ಕಂಡ ಹಾಗೆ ಹೇಳುವಾಗ ರುದ್ರಾಕ್ಷಿ ಎಣಿಸುತ್ತ ಕೂತರು. ಅವರು ಕಾಲವಾದಾಗ ಊರು ಅಂಗಡಿ ಮುಚ್ಚಿತು, ಧರ್ಮಾತ್ಮ ಎಂದರು. ನಾನು ಹೋಗಲಿಲ್ಲ.

ಅವ್ವ ಪೊಲೀಸ್ ಠಾಣೆಗೂ ನಡೆದಳು. ಕಾಗದ ಮೇಲಕ್ಕೆ ಹೋಗಿಯಾಯಿತು, ಆಣೆ ಇಟ್ಟು ಹೇಳಿದ್ದನ್ನು ಈಗ ತಿರುಗಿಸಿದರೆ ನಿನ್ನನ್ನೇ ಒಳಗೆ ಹಾಕುತ್ತೇನೆ ಎಂದು ಸಬ್‌ಇನ್‌ಸ್ಪೆಕ್ಟರು ಹೆದರಿಸಿ ಕಳಿಸಿದ.

ಯುಗಾದಿಗೆ ಮುಂಚೆ, ಬಿಸಿಗಾಳಿ ಶುರುವಾಗಿತ್ತು, ರೂತಮ್ಮನನ್ನು ಕರೆದೊಯ್ಯಲು ಜಟಕಾ ಬಂತು. ಪುಣೆಯ ಆಚೆ ಎಲ್ಲೋ ಗುಡ್ಡದ ಮೇಲಿನ ಕ್ಯಾಂಪಿಗಂತೆ. ಗಂಡ ಇದ್ದ ಕ್ಯಾಂಪು ಬೇರೆ ಕಡೆ. ಆಕೆಯ ದೇಶದಲ್ಲಿ ನೀನು ಜರ್ಮನಿಯವಳಲ್ಲ ಎಂದು ಓಡಿಸಿದರು, ಇಲ್ಲಿ ನೀನು ಜರ್ಮನಿಯವಳು ಎಂದು ಹಿಡಿದರು. ಯಾವ ಸರ್ಕಾರಕ್ಕೂ ನಾಚಿಕೆ ಇರಲಿಲ್ಲ. ಆಕೆ ಒಂದೇ ಪೆಟ್ಟಿಗೆ ಹಿಡಿದು ಬಂದು ಅವ್ವನ ಮುಂದೆ ನಿಂತಳು.

"ಈರಮ್ಮ, ನೀ ಸುಳ್ಳು ಹೇಳಲಿಲ್ಲ," ಅಂದಳು.

"ಹೇಳಿದ್ರ ಚೊಲೋ ಇತ್ತು," ಅಂದಳು ಅವ್ವ.

ಜಟಕಾ ಹತ್ತುವಾಗ ರೂತಮ್ಮ ಅಳಲಿಲ್ಲ. ಬೇಕೆಂದಾಗ ಅಳಬಲ್ಲವಳು, ಅಂದು ಆ ಪೊಲೀಸರ ಮುಂದೆ ಬೇಡ ಅಂದುಕೊಂಡಳೇನೋ.

ಆಮೇಲೆ ಆಕೆ ಏನಾದಳೋ ನನಗೆ ತಿಳಿಯದು. ತಿಳಿಯದ್ದನ್ನು ಕಟ್ಟಿ ಹೇಳುವವಳಲ್ಲ ನಾನು. ಯುದ್ಧ ಮುಗಿದ ಮೇಲೆ ಅಂಥವರನ್ನು ಹಡಗು ಹತ್ತಿಸಿದರೆಂದು ಕೇಳಿದ್ದೇನೆ. ತನ್ನ ದೇಶಕ್ಕೆ ಹೋಗಿ ಮತ್ತೆ ಬಣ್ಣ ಹಚ್ಚಿದಳೋ, ಆ ದೇಶದವರ ಟಿವಿಯಲ್ಲಿ ಅಜ್ಜಿಯ ಪಾತ್ರ ಮಾಡಿದಳೋ, ಅಥವಾ ಯಾರೂ ಕರೆಯಲೇ ಇಲ್ಲವೋ. ಮೊಮ್ಮಗಳ ಟಿವಿಯಲ್ಲಿ ಬಿಳಿ ಮುದುಕಿ ಯಾರಾದರೂ ಬಂದರೆ ನಾನು ಹತ್ತಿರ ಹೋಗಿ ಹುಬ್ಬು ನೋಡುತ್ತೇನೆ. ಎಡ ಹುಬ್ಬು. ಈಗ ಅದನ್ನು ನನಗೆ ಯಾರೂ ಹೇಳಿಕೊಡಬೇಕಿಲ್ಲ.

ಮರುವರ್ಷ ಸಂಕ್ರಾಂತಿಗೆ ಮತ್ತೊಂದು ಡೇರೆ ಬಂತು. ಅದೇ ಬಯಲು, ಅದೇ ಏರ್ಪಾಡು. ಸಾಹುಕಾರರ ಕುರ್ಚಿ ಮೊದಲೇ ಬಂದು ಕೂತಿತ್ತು. ಆಳುಗಳು ಪರದೆಗೆ ನೀರು ಎರಚುತ್ತಿದ್ದರು. ಅವ್ವ ನನ್ನ ರಟ್ಟೆ ಹಿಡಿದು, ಹೆಂಗಸರು ಹೋಗುವ ಸಂದಿಯನ್ನು ಬಿಟ್ಟು, ಗಂಡಸರ ನಡುವಿನಿಂದಲೇ ನಡೆದಳು. ಕುರ್ಚಿಯ ಮುಂದೆ ನೆಲದ ಮೇಲೆ ಸೀರೆ ಸರಿಮಾಡಿಕೊಂಡು ಕೂತಳು. ಹಿಂದೆ ಗದ್ದಲ ಎದ್ದಿತು. ಹೆಂಗಸರ ಜಾಗ ಅದಲ್ಲ ಎಂದು ಕೂಗಿದರು, ಹಲ್ಕಾ ಮಾತೂ ಆಡಿದರು. ಗುಮಾಸ್ತ ಬಂದು ಎಬ್ಬಿಸಲು ನೋಡಿದ. ಅವ್ವ ಅವನ ಕಡೆ ತಿರುಗಲಿಲ್ಲ. ಸ್ವಲ್ಪ ಹೊತ್ತಿಗೆ ನಮ್ಮ ಅರಳೆರಾಶಿಯ ಹೆಂಗಸರು ಮೂರ್ನಾಲ್ಕು ಮಂದಿ ಪರದೆಯ ಹಿಂದಿನಿಂದ ಎದ್ದು ಬಂದು ನಮ್ಮ ಪಕ್ಕ ಕೂತರು.

ಕತೆ ಕೂಗುವವನು ಕೋಲು ಹಿಡಿದು ಸಾಹುಕಾರರ ಮುಖ ನೋಡುತ್ತ ನಿಂತ. ಶುರು ಮಾಡಪ್ಪ ಅಂದಳು ಅವ್ವ. ಬೆಳಕು ಬಿತ್ತು. ಪರದೆಯ ಮೇಲೆ ಯಾರೋ ಒಬ್ಬ ಹೆಂಗಸು ಬಂದಳು, ಚೊಂಬು ಎತ್ತಿ ಯಾರಿಗೋ ನೀರು ಹೊಯ್ದಳು. ಕತೆ ಏನೆಂದು ನನಗೆ ನೆನಪಿಲ್ಲ, ಅವ್ವ ಆ ಕತೆಯನ್ನು ನೋಡಲೂ ಇಲ್ಲ. ಕುರ್ಚಿಯ ಕಡೆಗೆ ಕತ್ತು ಹೊರಳಿಸಿ, ಡೇರೆಯ ಕೊನೆಯವರಿಗೂ ಕೇಳುವ ಹಾಗೆ ಒಂದೇ ಮಾತು ಅಂದಳು.

"ಬಲಗೈ."